ಮುಳುಗಿದ ಗಾಡಿದಾರಿಯ ಯುದ್ಧನೌಕೆ

ಅಣೆಯ ನೀರಿನಲ್ಲಿ ದೋಣಿ ನಡೆಸುವ ಕೆಲಸಕ್ಕೆ ಹೊಸದಾಗಿ ಸೇರಿದ ನಮ್ಮ ಕಂಬಂ ಕಡೆಯ ಹುಡುಗರು ಆಗಾಗ ಬಂದು ಜಗಲಿಯ ಮೇಲೆ ಕೂರುತ್ತಾರೆ. "ತಾತಾ, ನಿಮ್ ಕಾಲ್ದಾಗೆ ಕೆಲ್ಸ ಎಂಗಿತ್ತು?" ಎಂದು ಕೇಳುತ್ತಾರೆ. ಹೆದರಿಕೆಯಾಗುತ್ತಿತ್ತು ಎನ್ನುವುದೇ ನಿಜವಾದ ಉತ್ತರ. ಆದರೆ ಅಷ್ಟು ಕೇಳಿಕೊಂಡು ಎದ್ದು ಹೋಗುವ ಹುಡುಗರಲ್ಲ ಅವರು. ಮನೆಯವಳು ಮಜ್ಜಿಗೆ ತರುವ ತನಕ ಏನಾದರೂ ಹೇಳುತ್ತಲೇ ಇರಬೇಕು. ಹೇಳಿ ಹೇಳಿ ಗಂಟಲು ಕಟ್ಟಿದ್ದರಿಂದ ಬರೆಯಲು ಕೂತಿದ್ದೇನೆ. ನನಗೆ ಬಂದ ಬಡ್ತಿಗಳ ವಿಷಯ ಇದರಲ್ಲಿಲ್ಲ. ಅವು ಬಂದಾಗ ಯಾಕೆ ಬಂದವೆಂದು ನನಗೇ ತಿಳಿದಿರಲಿಲ್ಲ. ನಿಮಗೆ ತಿಳಿಸುವುದು ಹೇಗೆ.

ನಾವು ಮನೆಯಲ್ಲಿ ಆಡುವ ಕನ್ನಡ ಅರ್ಧ ತಮಿಳು, ಅದಕ್ಕೆ ಬರಹವೂ ಇಲ್ಲ, ಸಂಕೋಚವೂ ಇಲ್ಲ. ಈ ಪುಸ್ತಕದ ಕನ್ನಡ ನನಗೆ ಬಂದದ್ದು ಮೈಸೂರು ಸೀಮೆಯ ಒಬ್ಬ ಮೇಷ್ಟ್ರಿಂದ. ಅವರು ಪಳನಿಗೆಂದು ಹೊರಟು, ದಾರಿ ತಪ್ಪಿ ನಮ್ಮೂರಿಗೆ ಬಂದು, ಜ್ವರ ಹಿಡಿದು ಒಂದು ಮಳೆಗಾಲ ಪೂರ್ತಿ ನಮ್ಮ ಮನೆಯಲ್ಲಿ ಮಲಗಿದ್ದರು. ಇಲ್ಲಿರುವ ತಪ್ಪುಗಳಲ್ಲಿ ಅರ್ಧ ನನ್ನವು, ಅರ್ಧ ಆ ಜ್ವರದವು.

ಈಗ ಚರಿತ್ರೆಗೆ ಬರೋಣ. ಸಾವಿರದ ಎಂಟುನೂರ ತೊಂಬತ್ತರ ಆಸುಪಾಸಿನ ವರ್ಷಗಳಲ್ಲಿ ಘಟ್ಟದ ಮೇಲೆ, ಪಡುವಲಿಗೆ ಹರಿದುಹೋಗುತ್ತಿದ್ದ ನದಿಗೆ ಅಡ್ಡಲಾಗಿ ಅಣೆ ಕಟ್ಟಿ, ಬೆಟ್ಟ ಕೊರೆದು, ಆ ನೀರನ್ನು ನಮ್ಮ ಕಣಿವೆಗೆ ತಿರುಗಿಸುವ ಕೆಲಸ ನಡೆಯುತ್ತಿತ್ತು. ಅಣೆಯ ಹಿಂದೆ ನೀರು ನಿಂತಮೇಲೆ ಸಾಮಾನು, ಜನ ಸಾಗಿಸಲು ಒಂದು ಉಗಿದೋಣಿ ಬೇಕಾಗುತ್ತದೆಂದು ಮೊದಲೇ ತರಿಸಿದರು. ಬಂದದ್ದು ಉಗಿದೋಣಿಯೇ, ಆದರೆ ಅದನ್ನು ನೋಡಿಕೊಳ್ಳಲು ಬಂದ ದೊರೆ ಅದನ್ನು ದೋಣಿ ಎಂದವರನ್ನು ದುರುಗುಟ್ಟಿ ನೋಡುತ್ತಿದ್ದರು. ಅವರು ಹಿಂದೆ ಯಾವುದೋ ಯುದ್ಧದಲ್ಲಿ ಒಂದು ದೊಡ್ಡ ಫ್ರಿಗೇಟಿನಲ್ಲಿ, ಅಂದರೆ ತೋಪುಗಳ ಯುದ್ಧನೌಕೆಯಲ್ಲಿ, ಇದ್ದವರಂತೆ. ಯಾವ ಯುದ್ಧ ಎಂದು ನಾವು ಕೇಳಲಿಲ್ಲ. ಯಾರು ಗೆದ್ದರೆಂದು ಅವರೂ ಹೇಳಲಿಲ್ಲ. ಆ ನೌಕೆಯ ಹೆಸರನ್ನೇ ನಮ್ಮ ದೋಣಿಗೂ ಇಟ್ಟರು. ಆ ಹೆಸರು ನಮ್ಮ ನಾಲಗೆಗೆ ಹೊರಳಲಿಲ್ಲ. ಹೊಗೆ ಉಗುಳುತ್ತಿದ್ದುದರಿಂದ ಕರಿಯವ್ವ ಎಂದೆವು. ದೊರೆಗೆ ನಾವು ಇಟ್ಟ ಹೆಸರು ಕಪ್ಪಲ್ ದೊರೆ, ಹಡಗಿನ ದೊರೆ ಎಂದು.

ಈ ಯುದ್ಧನೌಕೆ ತನ್ನ ಮೊದಲ ಪ್ರಯಾಣವನ್ನು ಎತ್ತಿನ ಗಾಡಿಗಳಲ್ಲಿ ಮಾಡಿತು. ತುಂಡು ತುಂಡಾಗಿ ರೈಲಿನಲ್ಲಿ ದಿಂಡಿಗಲ್ ಕಡೆಗೆ ಬಂದಿಳಿದು, ಅಲ್ಲಿಂದ ತೇನಿ, ಚಿನ್ನಮನೂರು, ಕಂಬಂ ದಾಟಿ ಘಟ್ಟ ಹತ್ತಿತು. ಬಾಯ್ಲರನ್ನು ಹೊತ್ತದ್ದು ನಮ್ಮ ಬೊಮ್ಮಯ್ಯ ಮಾಮನ ಗಾಡಿ. ಮಾಮ ಎಂದರೆ ನನ್ನ ಅವ್ವನ ತಮ್ಮ. ಅವರ ಮನೆಯವರು ತಲೆಮಾರುಗಳಿಂದ ನಮ್ಮ ಕುಲದ ದೇವರ ಹಸುಗಳ ಮಂದೆಯನ್ನು ಕಾಯುವವರು. ಆ ಹಸುಗಳನ್ನು ಹೂಡುವುದಿಲ್ಲ, ಮಾರುವುದಿಲ್ಲ. ಅವುಗಳ ಎದುರು ಚಪ್ಪಲಿ ಹಾಕಿ ನಿಲ್ಲುವುದಿಲ್ಲ. ಮಾಮನ ಬಾಯಲ್ಲಿ ಸದಾ ಎಲೆಯಡಿಕೆ. ನಾನೂ ಗಾಡಿಯ ಹಿಂದೆ ನಡೆದಿದ್ದೆ, ಬಾಯ್ಲರು ಹಿಂದಕ್ಕೆ ಜಾರಿದರೆ ತಡೆಯಬೇಕೆಂದು. ಜಾರಿದ್ದರೆ ಅದನ್ನು ನಾನು ತಡೆಯುತ್ತಿದ್ದೆನೇ ಎಂಬ ಪ್ರಶ್ನೆಯನ್ನು ಯಾರೂ ಎತ್ತಲಿಲ್ಲ, ನನ್ನ ಹೊರತು.

ಮಾರ್ಕಯನ್‌ಕೋಟ್ಟೈ ಬಳಿ ಒಬ್ಬ ಮುದುಕಿ ಗದ್ದೆಯಿಂದ ಬಂದು ಗಾಡಿ ನಿಲ್ಲಿಸಿದಳು. ನಮ್ಮವಳೇ, ನಮ್ಮ ಮಾತಿನವಳೇ.

"ಏನಪ್ಪಾ ಅದು, ಸಾರಾಯಿ ಅಂಡೆಯಾ?"

"ಕಪ್ಪಲ್, ಅವ್ವಾ," ಎಂದರು ಮಾಮ.

"ಕಪ್ಪಲ್ ನೀರಾಗಲ್ವಾ ಓಗಾದು?"

"ನೀರು ಇನ್ನೂ ಬಂದಿಲ್ಲ. ಕಟ್ತಾ ಅವ್ರೆ."

ಮುದುಕಿ ಗಾಡಿಯನ್ನು ಒಂದು ಸುತ್ತು ಬಂದಳು. "ಎಣ್ಣು ನೋಡಾಕ್ಕಿಂತ ಮುಂಚೆ ತೊಟ್ಲು ಮಾಡ್ಸವ್ರೆ. ದೊಡ್ಡೋರ ಮನೆ ಯವ್ವಾರ," ಎಂದು ಹೇಳಿ ಗದ್ದೆಗಿಳಿದಳು. ಆ ನೌಕೆಯ ಬಗ್ಗೆ ಅಷ್ಟು ಸರಿಯಾದ ಮಾತನ್ನು ನಾನು ಮತ್ತೆ ಕೇಳಲಿಲ್ಲ.

ಮೇಲೆ ಹೋದಮೇಲೆ ಅದನ್ನು ಜೋಡಿಸಿ ನೀರಿಗಿಳಿಸಿದರು. ಅದರ ತಂಡೇಲ, ಅಂದರೆ ನಡೆಸುವ ಮುಖ್ಯಸ್ಥ, ಕಡಲ ತೀರದ ಖಾದರ್ ಎಂಬವನು. ಉಪ್ಪುನೀರು ಬಿಟ್ಟು ಬೇರೆ ನೀರನ್ನು ಅವನು ನೀರೆಂದೇ ಒಪ್ಪುತ್ತಿರಲಿಲ್ಲ. ಕೈಯಾಳಾಗಿ ಮಾಮ ಮತ್ತು ನಾನು ಸೇರಿದೆವು. ನಮ್ಮನ್ನು ಯಾಕೆ ಆರಿಸಿದರೆಂದರೆ, ಬಾಯ್ಲರು ತಂದವರು ನಾವು. ಆದ್ದರಿಂದ ಅದರ ಗುಣ ನಮಗೆ ಗೊತ್ತಿರುತ್ತದೆಂದು. ಇಲಾಖೆಯ ನೇಮಕಗಳು ಆಗ ಹಾಗೆ ಆಗುತ್ತಿದ್ದವು. ಈಗ ಹೇಗೆಂದು ನನಗೆ ತಿಳಿಯದು.

ಮೊದಲು ಚುಕ್ಕಾಣಿಯನ್ನು ಮಾಮನ ಕೈಗೆ ಕೊಟ್ಟರು. ಹುಡುಗರೇ, ಚುಕ್ಕಾಣಿಯ ಹಿಡಿಯನ್ನು ಬಲಕ್ಕೆ ತಳ್ಳಿದರೆ ದೋಣಿ ಎಡಕ್ಕೆ ಹೋಗುತ್ತದೆ. ಇದು ನಿಮಗೆ ಸಹಜ. ಮೂವತ್ತು ವರ್ಷ ಎತ್ತಿನ ಹಗ್ಗ ಹಿಡಿದವನಿಗೆ ಅದು ಅಧರ್ಮ. ಎಡಕ್ಕೆ ಹೋಗಬೇಕೆಂದರೆ ಎಡಗೈ ಎಳೆಯುತ್ತದೆ. ಕೈ ಮನಸ್ಸನ್ನು ಕೇಳುವುದಿಲ್ಲ. ಮೊದಲ ಬೆಳಿಗ್ಗೆ ದೊರೆ ಬಾವುಟ ಏರಿಸಿ, ಗಂಟೆ ಹೊಡೆಸಿ, ಎದೆ ಸೆಟೆಸಿ ನಿಂತಿದ್ದರು. ಮುಂದೆ ಬಿದಿರು ಮೆಳೆ ಕಂಡಿತು. ಮಾಮ ಅದರಿಂದ ತಪ್ಪಿಸಿಕೊಳ್ಳಲೆಂದು ಎಳೆದರು. ನೌಕೆ ನೇರವಾಗಿ ಮೆಳೆಯೊಳಗೆ ಹೋಗಿ ಕೂತಿತು. ದೊರೆಯ ಟೋಪಿ ಬಿದಿರಿನ ತುದಿಯಲ್ಲಿ ಬಾವುಟದ ಎತ್ತರಕ್ಕೇ ನಿಂತಿತು.

"ಮಾಮಾ, ಆ ಕಡೆ ತಳ್ಳಿದ್ರೆ ಈ ಕಡೆ ಓಗ್ತದಂತೆ," ಎಂದೆ.

"ಎದುರು ಮಾತಾಡೋ ದನಾನ ನಮ್ ಕುಲದಾಗೆ ಯಾರೂ ಕಟ್ಟಿಲ್ಲ," ಎಂದರು ಮಾಮ.

ಖಾದರ್ ತಂಡೇಲ ಮಾಮನನ್ನು ನಮ್ಮ ಕುಲದ ಹೆಸರು ಹಿಡಿದು ಕರೆದು ತಮಿಳಿನಲ್ಲಿ, "ಗೌಂಡರೇ, ಸಮುದ್ರದಲ್ಲಿ ನೀವಿದ್ದಿದ್ದರೆ ಇಷ್ಟು ಹೊತ್ತಿಗೆ ಸಿಲೋನು ಮುಟ್ಟಿ ವಾಪಸು ಬಂದಿರುತ್ತಿದ್ದೆವು, ಹಿಮ್ಮುಖವಾಗಿ," ಎಂದ. ಅಂದೇ ಚುಕ್ಕಾಣಿ ನನ್ನ ಕೈಗೆ ಬಂತು. ನಾನು ಗಾಡಿ ಹೊಡೆದವನಲ್ಲ, ಹೊಲ ಉತ್ತವನು. ಮರೆಯಬೇಕಾದ್ದು ನನಗೆ ಕಡಿಮೆ ಇತ್ತು.

ಮಾಮನನ್ನು ದೋಣಿಯ ಮುಂತುದಿಯಲ್ಲಿ, ಮೂತಿಯ ಬಳಿ ಕೂರಿಸಿದರು. ಅದು ಶಿಕ್ಷೆಯಂತೆ ಕಂಡರೂ ಆಮೇಲೆ ಆ ಜಾಗವೇ ಮುಖ್ಯವಾಯಿತು. ನೀರು ನಿಲ್ಲುವ ಮೊದಲು ಕಾಡು ಕಡಿದಿರಲಿಲ್ಲ. ಮರಗಳು ನಿಂತಲ್ಲೇ ಮುಳುಗಿದವು. ನೀರಿನ ಒಂದು ಮೊಳದ ಕೆಳಗೆ ಕೊಂಬೆ ಚೂಪಾಗಿ ಕಾದಿರುತ್ತಿತ್ತು. ತಗಲಿದರೆ ತಳಕ್ಕೆ ತೂತು. ಮರವಿಲ್ಲದ ಒಂದೇ ಓಣಿ ಎಂದರೆ ಮುಳುಗಿದ ಗಾಡಿದಾರಿ, ಸುಣ್ಣ, ಸುರ್ಕಿ ಎಂಬ ಇಟ್ಟಿಗೆ ಪುಡಿ ಹೊತ್ತ ಗಾಡಿಗಳಿಗಾಗಿ ಕಡಿದು ಚೊಕ್ಕಟ ಮಾಡಿದ ದಾರಿ. ಹಾಗಾಗಿ ಆ ನೀರಿನಲ್ಲಿ ದಾರಿ ತೋರಿಸಬಲ್ಲವನು ಗಾಡಿಯವನೊಬ್ಬನೇ. ಮಾಮ ಮೂತಿಯಲ್ಲಿ ಕೂತು, ಎಲೆಯಡಿಕೆ ಜಗಿಯುತ್ತ, ನೀರನ್ನು ನೋಡುತ್ತ ಹೇಳುತ್ತಿದ್ದರು: "ಈಗ ಏರು ಬತ್ತದೆ. ಈಗ ಅತ್ತಿ ಮರದ ತಿರುವು. ಬಲಕ್ಕೆ ಒಸಿ. ಇಲ್ಲಿ ಮಳೆಗಾಲದಾಗೆ ಚಕ್ರ ಊತ್ಕೊಳ್ತದೆ, ಉಸಾರು." ನೀರಿನ ಮೇಲೆ ತೇಲುತ್ತಿದ್ದ ನಾವು ಚಕ್ರ ಹೂತುಕೊಳ್ಳುವ ಜಾಗದಲ್ಲಿ ಹುಷಾರಾಗಿಯೇ ಇರುತ್ತಿದ್ದೆವು. ಈಗ ನಿಮಗೆ ಕೆಂಪು ಪೀಪಾಯಿ ತೇಲಿಬಿಟ್ಟಿದ್ದಾರೆ; ಅವುಗಳ ಬಣ್ಣ ಮಾಸಿದೆ ಎಂದು ನೀವು ದೂರುತ್ತೀರಿ.

ಅಳುಕು ಆ ಕೆಲಸದಲ್ಲಿ ದಿನದ ಅನ್ನದಂತಿತ್ತು. ನೀರಿನೊಳಗೆ ಏನಿದೆ ಎಂಬ ಅಳುಕು, ಬಾಯ್ಲರಿನ ಅಳುಕು, ಎಲ್ಲಕ್ಕಿಂತ ಜ್ವರದ ಅಳುಕು. ಜ್ವರದ ತಿಂಗಳುಗಳಲ್ಲಿ ಕೆಲಸ ನಿಲ್ಲುತ್ತಿತ್ತು. ನಿಲ್ಲುವ ಮೊದಲ ವಾರಗಳಲ್ಲಿ ಯುದ್ಧನೌಕೆ ಆಸ್ಪತ್ರೆ ನೌಕೆಯಾಗುತ್ತಿತ್ತು. ನಡುಗುವವರನ್ನು ಸಾಲಾಗಿ ಮಲಗಿಸಿ ಘಟ್ಟದ ತುದಿಯ ಇಳಿದಾಣಕ್ಕೆ ತರುತ್ತಿದ್ದೆವು. ಒಮ್ಮೆ ಓಡೈಪಟ್ಟಿಯ ಒಬ್ಬ ಕಲ್ಲುಕುಟಿಗ ನನ್ನ ಕಾಲ ಬಳಿಯೇ ಮಲಗಿದ್ದ. ದಾರಿಯುದ್ದಕ್ಕೂ, "ತಂಬಿ, ಬಂತಾ? ದಡ ಬಂತಾ?" ಎಂದು ಕೇಳುತ್ತಿದ್ದ. "ಬಂತು, ಬಂತು," ಎನ್ನುತ್ತಿದ್ದೆ. ಸ್ವಲ್ಪ ಹೊತ್ತಾದಮೇಲೆ ಕೇಳುವುದನ್ನು ನಿಲ್ಲಿಸಿದ. ಆಮೇಲೂ ನಾನು "ಬಂತು" ಎನ್ನುತ್ತಲೇ ಇದ್ದೆ. ಅವನ ಮುಖದ ಮೇಲೆ ಬಟ್ಟೆ ಎಳೆದವರು ದೊರೆ. ಬಾವುಟವನ್ನು ಅರ್ಧಕ್ಕೆ ಇಳಿಸಿದರು. ಕೂಲಿಯವನಿಗೆ ಬಾವುಟ ಇಳಿಸಿದ್ದನ್ನು ಮೇಲಿನ ದೊರೆಗಳು ಆಕ್ಷೇಪಿಸಿದರಂತೆ. ತನ್ನ ನೌಕೆಯಲ್ಲಿ ಸತ್ತವನು ನಾವಿಕ ಎಂದು ಇವರು ಉತ್ತರ ಕೊಟ್ಟರಂತೆ. ಆವತ್ತಿನಿಂದ ನಾನು ಅವರ ಗಂಟೆ, ಬಾವುಟಗಳನ್ನು ಅಣಕಿಸುವುದನ್ನು ಕಡಿಮೆ ಮಾಡಿದೆ. ಪೂರ್ತಿ ಬಿಡಲಿಲ್ಲ.

ಅವರ ಇನ್ನೊಂದು ಆಚಾರ ಸೀಸದ ಗುಂಡು. ಉದ್ದನೆ ಹಗ್ಗಕ್ಕೆ ಸೀಸದ ಗುಂಡು ಕಟ್ಟಿ ನೀರಿಗೆಸೆದು ಆಳ ನೋಡುವುದು. ಗುಂಡಿನ ಬುಡದಲ್ಲಿ ಒಂದು ಕುಳಿ. ಅದಕ್ಕೆ ಕೊಬ್ಬು ಮೆತ್ತಬೇಕು. ಗುಂಡು ತಳ ಮುಟ್ಟಿದಾಗ ಅಲ್ಲಿಯ ಮರಳೋ ಕೆಸರೋ ಕೊಬ್ಬಿಗೆ ಅಂಟಿ ಮೇಲೆ ಬರುತ್ತದೆ. ಕಡಲಿನಲ್ಲಿ ಮಂಜು ಕವಿದಾಗ ತಳದ ಮಣ್ಣಿನಿಂದಲೇ ಹಡಗು ಎಲ್ಲಿದೆ ಎಂದು ತಿಳಿಯುತ್ತಾರಂತೆ. ಆ ಕೊಬ್ಬು ಯಾವುದರದೆಂದು ಮೊದಲ ದಿನವೇ ಖಾದರ್ ಬಾಯಿಬಿಟ್ಟ: ದನದ್ದು. ಮಾಮ ಎದ್ದು ದೋಣಿಯ ಇನ್ನೊಂದು ಕೊನೆಗೆ ಹೋಗಿ ಕೂತರು. ದೋಣಿ ಆ ಕಡೆಗೆ ವಾಲಿತು. ಆಮೇಲಿಂದ ಗುಂಡು, ಕೊಬ್ಬಿನ ಡಬ್ಬಿ ಎರಡೂ ಖಾದರನ ಪಾಲು. ನಾವು ಅದರ ಹಗ್ಗವನ್ನೂ ಮುಟ್ಟುತ್ತಿರಲಿಲ್ಲ.

ಈಗ ಹೇಳಬೇಕಾದ ದಿನಕ್ಕೆ ಬಂದೆ.

ನನ್ನ ಅಣ್ಣ ಚಿನ್ನಯ್ಯ ಆಗ ಸುಣ್ಣದ ಕೊಟ್ಟಿಗೆಯ ಮೇಸ್ತ್ರಿ. ನದಿಯಿಂದ ಒಳಕ್ಕೆ, ಗಾಡಿದಾರಿಯ ಒಂದು ಕವಲಿನ ಕೊನೆಯಲ್ಲಿ, ಒಂದು ದಿಣ್ಣೆಯ ನೆತ್ತಿಯ ಮೇಲೆ ತಗಡಿನ ಕೊಟ್ಟಿಗೆ. ಅದರ ತುಂಬ ಸುಟ್ಟ ಸುಣ್ಣದ ಹರಳು. ಅದು ಎಂಥ ಸಾಮಾನೆಂದು ಮನೆಗೆ ಸುಣ್ಣ ಹೊಡೆದ ಎಲ್ಲರಿಗೂ ಗೊತ್ತು: ನೀರು ಬಿದ್ದರೆ ಕೊತಕೊತ ಕುದಿದು ಬೆಂಕಿಯಾಗುತ್ತದೆ. ಅದಕ್ಕೇ ಅದನ್ನು ಎಲ್ಲಕ್ಕಿಂತ ಎತ್ತರದ, ಒಣ ಜಾಗದಲ್ಲಿ ಇಟ್ಟಿದ್ದರು. ದಿಣ್ಣೆಯ ಬುಡದಲ್ಲಿ ಕೂಲಿಗಳ ಗುಡಿಸಲುಗಳು.

ಆ ಆಡಿ ತಿಂಗಳ, ಅಂದರೆ ಆಷಾಢದ, ಮಳೆ ನಿಲ್ಲಲೇ ಇಲ್ಲ. ಅಣೆಯೂ ಆ ವರ್ಷ ಎತ್ತರವಾಗಿತ್ತು. ನೀರು ಕಾಡಿನೊಳಕ್ಕೆ ಹಿಂದಕ್ಕೆ ಹಿಂದಕ್ಕೆ ಹರಡಿ, ಅಲ್ಲಿಯ ತನಕ ಒಣಗಿದ್ದ ಕವಲುದಾರಿಯನ್ನೂ ನುಂಗಿತು. ಬೆಳಿಗ್ಗೆ ದಿಣ್ಣೆಯ ಕಡೆಯಿಂದ ಒಬ್ಬ ಕಾಡಿನವನು ತೆಪ್ಪದಲ್ಲಿ ಬಂದು ಹೇಳಿದ: ಗುಡಿಸಲುಗಳು ಮುಳುಗಿವೆ, ಜನವೆಲ್ಲ ನೆತ್ತಿಗೆ ಹತ್ತಿ ಕೊಟ್ಟಿಗೆಯ ಸುತ್ತ ನಿಂತಿದ್ದಾರೆ, ನೀರು ಏರುತ್ತಿದೆ.

ಯಾರೂ ವಿವರಿಸಬೇಕಿರಲಿಲ್ಲ. ನೀರು ಜನರನ್ನು ಸುಣ್ಣದ ಕಡೆಗೇ ಅಟ್ಟುತ್ತಿತ್ತು. ಅಲ್ಲಿ ಉಳಿದಿದ್ದ ಒಣ ನೆಲವೆಲ್ಲ ಸುಣ್ಣದ್ದೇ.

ಬಾಯ್ಲರಿಗೆ ಸೌದೆ ತುಂಬಿ ಹೊರಟೆವು. ಮಂಜು, ಜಿಟಿಜಿಟಿ ಮಳೆ. ಕವಲಿನ ಬಾಯಿಯ ತನಕ ಮಾಮ ಎಂದಿನಂತೆ ದಾರಿ ಹೇಳಿದರು. ಕವಲಿನಲ್ಲಿ ಏರು ದಾಟುವ ತನಕವೂ ಹೇಳಿದರು. ಆಮೇಲೆ ಸುಮ್ಮನಾದರು.

"ಮುಂದಕ್ಕೆ?" ಎಂದೆ.

"ನಿಲ್ಸು."

ಖಾದರ್ ಉಗಿ ತಗ್ಗಿಸಿದ. ಸುತ್ತ ಎಲ್ಲೆಲ್ಲೂ ಒಂದೇ ನೀರು. ಇಲ್ಲಿದ್ದದ್ದು ಕುರುಚಲು ಕಾಡು, ಬಿದಿರು. ಎಲ್ಲ ಈಗಷ್ಟೇ ಮುಳುಗಿ, ತುದಿಗಳು ಕೈಯಳತೆಯಲ್ಲಿ ಅಡಗಿದ್ದವು.

"ಏನಾಯ್ತು ಮಾಮಾ?"

ಮಾಮ ತಿರುಗಿ ನೋಡಲಿಲ್ಲ. "ಏರು ಅತ್ತಿದ ಮ್ಯಾಲೆ ಸಮ ದಾರಿ. ದಿಣ್ಣೆ ಗಂಟ ಸಮ."

"ಸರಿ. ಎಂಗ್ ಓಗ್ತದೆ? ನೆಟ್ಟಗಾ, ವಂಕಾ?"

"ಯಾರಿಗ್ ಗೊತ್ತು? ಏರು ಅತ್ತಿ ಮುಗೀತು ಅಂದ್ರೆ ನಾನು ಮಲಿಕ್ಕೊಂಬಿಡ್ತಿದ್ದೆ. ಎತ್ತು ಓಗ್ತಿದ್ವು."

ಇದನ್ನು ನಾನು ದೊರೆಗೆ ತಮಿಳಿನಲ್ಲಿ ಹೇಳಬೇಕಾಯಿತು. ದೊರೆ ಮೊದಲು ನಂಬಲಿಲ್ಲ. ಬೇರೆ ಗಾಡಿಯವರನ್ನು ಕರೆತರೋಣವೇ ಎಂದು ಕೇಳಿದರು.

"ಎಲ್ಲಾರೂ ಅಲ್ಲೇ ಮಲಗೋದು," ಎಂದರು ಮಾಮ. "ಒಳ್ಳೇ ಗಾಳಿ ಅಲ್ಲಿ."

"ನನ್ನ ಫ್ರಿಗೇಟಿನಲ್ಲಿ ಪಹರೆಯ ಮೇಲೆ ನಿದ್ದೆ ಮಾಡಿದವನಿಗೆ ಏನಾಗುತ್ತಿತ್ತು ಗೊತ್ತೇ?" ಎಂದರು ದೊರೆ.

"ಆ ಫ್ರಿಗೇಟಿಗೆ ಎತ್ತು ಹೂಡಿರಲಿಲ್ಲ, ದೊರೆ," ಎಂದ ಖಾದರ್.

ಅದು ನಗುವ ಹೊತ್ತಲ್ಲ, ಯಾರೂ ನಗಲಿಲ್ಲ. ದಾರಿ ಗೊತ್ತು ಎನ್ನುವವನು ಸಿಕ್ಕರೆ, ಎಚ್ಚರವಾಗಿದ್ದಾಗ ಗೊತ್ತೋ ಎಂದು ಕೇಳಿ, ಹುಡುಗರೇ. ನಾನು ಈ ಕೆಲಸದಲ್ಲಿ ಕಲಿತದ್ದನ್ನೆಲ್ಲ ಒಂದು ಮಾತಿನಲ್ಲಿ ಹೇಳೆಂದರೆ ಇದನ್ನೇ ಹೇಳುತ್ತೇನೆ.

ಆಗ ದೊರೆ ಗುಂಡು ಎಸೆಯಲು ಹೇಳಿದರು. ಖಾದರ್ ಎಡಕ್ಕೆ ಎಸೆದ. ಕಪ್ಪು ಎಲೆಗೆಸರು ಬಂತು. ಬಲಕ್ಕೆ ಎಸೆದ, ಅದೇ ಕೆಸರು. ನೇರ ಮುಂದಕ್ಕೆ ಎಸೆದ. ಗೊಜ್ಜಿನಂಥ ತೆಳು ಮಣ್ಣು, ನಡುವೆ ಏನೋ ಬಿಳಿ ಚೂರು. ಗಾಡಿದಾರಿಯ ಮೇಲೆ ವರ್ಷಗಟ್ಟಲೆ ಮೂಟೆಗಳಿಂದ ಸುಣ್ಣ ಸೋರಿತ್ತು. ಸೋರಿಸಿದ್ದಕ್ಕೆ ಗಾಡಿಯವರು ದಿನವೂ ಬೈಸಿಕೊಂಡಿದ್ದರು. ತಳದಲ್ಲಿ ಸುಣ್ಣವಿದ್ದರೆ ದಾರಿ, ಇಲ್ಲದಿದ್ದರೆ ಕಾಡು. ಇದು ದೊರೆಗೆ ಹೊಳೆಯಿತು, ನಮಗೂ ಹೊಳೆಯಿತು. ಆದರೆ ಕೊಬ್ಬು ಬಿಳಿ, ಸುಣ್ಣವೂ ಬಿಳಿ. ಕೆಸರು ಕಲಸಿಕೊಂಡ ಆ ಬಿಳಿಯಲ್ಲಿ ಯಾವುದು ಯಾವುದೆಂದು ಕಣ್ಣಿಗೆ ತಿಳಿಯುತ್ತಿರಲಿಲ್ಲ. ದೊರೆ ಬೆಳಕಿಗೆ ಹಿಡಿದು ನೋಡಿದರು, ಮೂಸಿ ನೋಡಿದರು. ಖಾದರ್ ಬೆರಳಲ್ಲಿ ತಿಕ್ಕಿ, ಮರಳೂ ಹೀಗೇ ಇರುತ್ತದೆ ಎಂದ.

ದೂರದಲ್ಲಿ ಯಾರೋ ತಗಡು ಬಡಿಯುತ್ತಿದ್ದರು. ಕೊಟ್ಟಿಗೆಯ ತಗಡು. ಮಂಜಿನಲ್ಲಿ ಅದು ಯಾವ ದಿಕ್ಕೆಂದು ತಿಳಿಯಲಿಲ್ಲ, ಎಲ್ಲ ದಿಕ್ಕಿನಿಂದಲೂ ಬರುತ್ತಿತ್ತು.

ಮಾಮ ಬಾಯಲ್ಲಿದ್ದ ಎಲೆಯಡಿಕೆಯನ್ನು ನೀರಿಗೆ ಉಗುಳಿದರು. ಬಾಯಿ ಮುಕ್ಕಳಿಸಿದರು. "ತಾ ಇಲ್ಲಿ," ಎಂದು ಖಾದರನ ಕಡೆ ಕೈಚಾಚಿದರು.

"ಮಾಮಾ, ಅದು..."

"ಏನಂತ ಗೊತ್ತು. ಸುಮ್ನಿರು."

"ನಾನು ನೋಡ್ತೀನಿ, ಕೊಡಿ."

"ನೀನು ಎಲೆ ಆಕೋನಲ್ಲ. ನಿನ್ ನಾಲ್ಗೆಗೆ ಏನ್ ತಿಳೀತದೆ? ಐವತ್ತು ವರ್ಸ ಸುಣ್ಣ ತಿಂದ ನಾಲ್ಗೆ ಇದು. ಚುಕ್ಕಾಣಿ ಇಡ್ಕೊ."

ಖಾದರ್ ಗುಂಡನ್ನು ಕೊಡಲು ಹಿಂಜರಿದ. ಅವನು ಅಷ್ಟು ದಿನ ಮಾಮನನ್ನು ಛೇಡಿಸಿದವನು. ಆದರೆ ಆ ಹೊತ್ತಿನಲ್ಲಿ ಅವನೂ ಮುಖ ತಿರುಗಿಸಿಕೊಂಡೇ ಕೊಟ್ಟ. ಮಾಮ ಕಣ್ಣು ಮುಚ್ಚಲಿಲ್ಲ. ಗುಂಡಿನ ಬುಡವನ್ನು ನಾಲಗೆಗೆ ತಾಗಿಸಿದರು.

"ಸುಣ್ಣ," ಎಂದರು. "ಇನ್ನೂ ಕಡೀತದೆ. ಓಗು ಮುಂದಕ್ಕೆ."

ಹೀಗೆ ಹೊರಟೆವು. ಗುಂಡು ಎಸೆಯುವುದು, ಎಳೆಯುವುದು, ಮಾಮನ ನಾಲಗೆ. ಸುಣ್ಣ. ಮುಂದಕ್ಕೆ. ಮತ್ತೆ ಎಸೆತ. "ಬರೀ ಕೆಸ್ರು, ತಪ್ಪಿದ್ವಿ, ಇಂದಕ್ಕೆ." ಬಲಕ್ಕೆ ಎಸೆತ. "ಆಂ, ಇಲ್ಲದೆ." ಕೊಂಬೆಗಳು ಎರಡು ಬದಿಗೂ ತಳವನ್ನು ಕೆರೆಯುತ್ತಿದ್ದವು. ಹಿಂದಕ್ಕೆ ದಾರಿ ತಿಳಿಯಲೆಂದು ದೊರೆ ಬಿದಿರು ಗಳು ಚುಚ್ಚಿ ಅದಕ್ಕೆ ಬಟ್ಟೆ ಕಟ್ಟಿಸಿದರು. ಬಟ್ಟೆ ಮುಗಿದಾಗ ಬಾವುಟವನ್ನು ಹರಿದು ಕೊಟ್ಟರು. ಆ ದಾರಿ ನೆಟ್ಟಗಿರಲಿಲ್ಲ. ನಿದ್ದೆಯಲ್ಲಿದ್ದವರನ್ನು ಎತ್ತುಗಳು ಹೇಗೆಲ್ಲ ತಿರುಗಿಸಿ ಕರೆದೊಯ್ದಿದ್ದವು ಎಂದು ನನಗೆ ಅಂದು ತಿಳಿಯಿತು. ತಗಡಿನ ಸದ್ದು ಒಮ್ಮೆ ಹತ್ತಿರವಾಗುತ್ತಿತ್ತು, ಒಮ್ಮೆ ದೂರ. ಒಮ್ಮೆ ಪೂರ್ತಿ ನಿಂತುಹೋಯಿತು. ಆಗ ನನ್ನ ಕೈ ಚುಕ್ಕಾಣಿಯ ಮೇಲೆ ಇದೆಯೋ ಇಲ್ಲವೋ ಎಂದು ನೋಡಿಕೊಳ್ಳಬೇಕಾಯಿತು.

ದಿಣ್ಣೆ ಕಂಡಾಗ ಅದು ದಿಣ್ಣೆಯಾಗಿರಲಿಲ್ಲ, ಒಂದು ಕಣದಷ್ಟು ನೆಲ. ನಡುವೆ ಕೊಟ್ಟಿಗೆ, ಸುತ್ತ ಒತ್ತೊತ್ತಾಗಿ ಜನ. ಎಲ್ಲರೂ ಕೊಟ್ಟಿಗೆಗೆ ಬೆನ್ನು ಕೊಡದೆ, ಅದರ ಕಡೆಗೇ ನೋಡುತ್ತ ನಿಂತಿದ್ದರು. ಅಣ್ಣ ತಗಡಿನ ಮೇಲೆ ಕುಳಿತು ಕಲ್ಲಿನಿಂದ ಬಡಿಯುತ್ತಿದ್ದವನು ನಮ್ಮನ್ನು ಕಂಡು ನಿಲ್ಲಿಸಿದ.

"ಎಂಗಸ್ರು ಮೊದ್ಲು," ಎಂದ. "ಕಾಯ್ಲೆಯೋರು ಆಮ್ಯಾಲೆ." ನನ್ನ ಹೆಸರು ಹಿಡಿದು ಕೂಗಿದ: "ಮುದ್ದಾ, ನನ್ನ ನೋಡ್ಬ್ಯಾಡ, ದೋಣಿ ನೋಡು."

ನೋಡದಿರುವುದು ಹೇಗೆ. ಹೆಂಗಸರು, ಮಕ್ಕಳು, ಕಾಯಿಲೆಯವರು ಹತ್ತಿದಮೇಲೆ ದೋಣಿಯ ಅಂಚು ನೀರಿಗೆ ಸಮವಾಯಿತು. ಅಣ್ಣ ಮತ್ತು ಕೆಲವು ಗಂಡಸರು ಉಳಿದರು. ದಿಣ್ಣೆಯ ಮೇಲೆ ಕಟ್ಟಿದ್ದ ಗಾಡಿ ಎತ್ತುಗಳ ಹಗ್ಗ ಬಿಚ್ಚಿ ನೀರಿಗೆ ಬಿಟ್ಟರು. ನಾನು ಅವು ದಾರಿ ಹಿಡಿದು ನಮ್ಮ ಮುಂದೆ ಈಜುತ್ತವೆಂದು ಕಾದೆ. ಅವು ದಾರಿಯ ಕಡೆ ತಿರುಗಿಯೂ ನೋಡದೆ, ಕಾಡಿನ ಮೇಲೆಯೇ ಹಾದು, ಹತ್ತಿರದ ಗುಡ್ಡದ ಕಡೆಗೆ ಹೊರಟುಹೋದವು. ಅಷ್ಟು ವರ್ಷ ಆ ದಾರಿಯಲ್ಲಿ ನಡೆದದ್ದು ನಮಗಾಗಿ.

ಕವಲಿನ ಬಾಯಿಯ ಎತ್ತರದ ದಡದಲ್ಲಿ ಜನರನ್ನು ಇಳಿಸಿ, ಬಟ್ಟೆ ಕಟ್ಟಿದ ಗಳುಗಳ ನಡುವೆ ಮತ್ತೆ ಹೊರಟಾಗ ಸಂಜೆಯಾಗುತ್ತಿತ್ತು. ಅರ್ಧ ದಾರಿಗೆ ಬರುವಾಗ ಒಂದು ಸದ್ದು ಕೇಳಿತು. ದೊಡ್ಡ ಒಗ್ಗರಣೆ ಹಾಕಿದ ಹಾಗೆ. ಮಂಜಿನಲ್ಲಿ ಇನ್ನೊಂದು ಬಿಳಿ ಮಂಜು ಎದ್ದಿತು. ಖಾದರ್ ಯಾರೂ ಹೇಳದೆಯೇ ಸೌದೆ ತುರುಕಿದ.

ಗಂಡಸರೆಲ್ಲ ತಗಡಿನ ಮಾಡಿನ ಮೇಲಿದ್ದರು. ಕೆಳಗೆ ಸುಣ್ಣ ಕುದಿಯುತ್ತಿತ್ತು. ತಗಡು ಕಾದು, ಅವರು ಕಾಲು ಎತ್ತಿ ಎತ್ತಿ ಇಡುತ್ತಿದ್ದರು. ದೋಣಿಯನ್ನು ಹತ್ತಿರ ಒತ್ತಿ ಹಿಡಿದೆ. ಒಬ್ಬೊಬ್ಬರಾಗಿ ಜಿಗಿದರು. ಒಬ್ಬ ಜಾರಿ ಕೊಟ್ಟಿಗೆಯ ಬಾಗಿಲ ಬಳಿ ಬಿದ್ದ. ಅಣ್ಣ ಇಳಿದು ಅವನನ್ನು ಎತ್ತಿ ದೋಣಿಗೆ ತಳ್ಳಿದ. ಇಳಿದದ್ದು ಬಿಳಿ ಕುದಿಯೊಳಗೆ, ಮೊಣಕಾಲ ತನಕ.

ಅವನನ್ನು ಎಳೆದುಕೊಂಡವರು ಮಾಮ. ದೊರೆ ಮಂಡಿಯೂರಿ ಕೂತು ಅವನ ಕಾಲಿನಿಂದ ಸುಣ್ಣ ಒರೆಸಿ, ಖಾದರನ ಅಡುಗೆಯ ತೆಂಗಿನೆಣ್ಣೆಯನ್ನೆಲ್ಲ ಸುರಿದರು. ಅಣ್ಣ ಕೂಗಲಿಲ್ಲ. ದಾರಿಯುದ್ದಕ್ಕೂ ಮಾಮನ ಕೈ ಹಿಡಿದುಕೊಂಡು, "ನೀರು ಎಲ್ಲಿಗಂಟ ಬಂತು? ಈಗ ಎಲ್ಲಿಗಂಟ ಬಂತು?" ಎಂದು ಕೇಳುತ್ತಿದ್ದ.

ಬದುಕಿದ. ಕಾಲು ಉಳಿದವು, ಚರ್ಮ ಬೇರೆಯದಾಗಿ ಬಂತು. ಊರಿಗೆ ಹೋದಮೇಲೆ ಬಾವಿಯ ಹತ್ತಿರವೂ ಸುಳಿಯುತ್ತಿರಲಿಲ್ಲ. ಅತ್ತಿಗೆ ಕೊಡ ತಂದು ಮುಂದಿಟ್ಟರೂ, ಮೊದಲು ಕೈ ಅದ್ದಿ ನೋಡಿ, ಆಮೇಲೆ ಕಾಲಿಗೆ ಹಾಕಿಕೊಳ್ಳುತ್ತಿದ್ದ.

ಮಾಮನ ನಾಲಗೆಯ ವಿಷಯ ನಾವ್ಯಾರೂ ಊರಿನಲ್ಲಿ ಹೇಳಿರಲಿಲ್ಲ. ಅವರೇ ಹೋಗಿ ಮಂದೆಯ ಯಜಮಾನರೂ ಕುಲದ ಹಿರಿಯರೂ ಆದ ಪೆರಿಯ ಗೌಂಡರಿಗೆ ಹೇಳಿದರು. ದೊಡ್ಡಿಯ ಮುಂದೆ ಪಂಚಾಯಿತಿ ಕೂತಿತು. ಆ ಪಂಚಾಯಿತಿಯ ಗಾಂಭೀರ್ಯಕ್ಕೆ ಯಾವ ನೌಕಾ ನ್ಯಾಯಾಲಯವೂ ಸಮವಲ್ಲ.

"ತಿಂದೆಯಾ, ನೆಕ್ಕಿದೆಯಾ?" ಎಂದು ಕೇಳಿದರು ಗೌಂಡರು.

"ನೆಕ್ಕಿದೆ."

"ನುಂಗಿದೆಯಾ?"

"ಉಗಿದೆ. ಒಸಿ ಓಗಿರ್ತದೆ ಒಳಕ್ಕೆ."

"ಎಷ್ಟ್ ಸಲ?"

"ದಿಣ್ಣೆ ಬರೋ ಗಂಟ."

ಅಕ್ಕನ ಮಗನಿಗಾಗಿ ಮಾಡಿದ್ದು ಎಂದು ಯಾರೋ ಹೇಳಿದರು. "ಗೊತ್ತು. ಅಸುವಿಗೂ ಗೊತ್ತಿರ್ತದೆ. ಆದ್ರೆ ಓಗ್ಲಿ ಬಿಡು ಅನ್ನಾಕೆ ಅದಕ್ ಬಾಯಿಲ್ಲ," ಎಂದರು ಗೌಂಡರು. ಮಾಮ ಮಂದೆಯ ಹತ್ತಿರ ಬರಬಾರದೆಂದು ತೀರ್ಪಾಯಿತು. ಎಲ್ಲಿಯ ತನಕ ಎಂದು ಹೇಳಲಿಲ್ಲ. ಮಾಮ ಸರಿ ಎಂದರು. ಅವರು ದೋಣಿಗೆ ಮರಳಿದರು. ಎಲೆಯಡಿಕೆ ಮಾತ್ರ ಬಿಟ್ಟರು. ರಜೆಗೆ ಊರಿಗೆ ಬಂದಾಗ ದೊಡ್ಡಿಯ ಆಚೆ ಬೀದಿಯಲ್ಲಿ ನಿಂತು ಹಸುಗಳು ಒಳಗೆ ಹೋಗುವುದನ್ನು ನೋಡಿ ಬರುತ್ತಿದ್ದರು.

ಅಣೆ ಮುಗಿದು, ಬೆಟ್ಟ ಕೊರೆದ ಸುರಂಗದಿಂದ ಮೊದಲ ನೀರು ನಮ್ಮ ಕಣಿವೆಗೆ ಇಳಿದ ದಿನ ನಾವಿಬ್ಬರೂ ಊರಿನಲ್ಲಿದ್ದೆವು. ಜನವೆಲ್ಲ ಕಾಲುವೆಯ ಬಳಿ ಸೇರಿತು. ಹೆಂಗಸರು ಅರಿಸಿನ, ಹೂ ಎರಚಿದರು. ದೇವರ ಹಸುಗಳು ಮೊದಲು ಕುಡಿಯಬೇಕೆಂದು ಮಂದೆಯನ್ನು ಆಚೆ ದಡಕ್ಕೆ ತಂದಿದ್ದರು. ಈಚೆ ದಡದಲ್ಲಿ, ಜನರಿಗಿಂತ ಹಿಂದೆ, ಮಾಮ ನಿಂತಿದ್ದರು. ಅವರಿಗಿಂತಲೂ ಹಿಂದೆ ಅಣ್ಣ.

ನೀರು ಕೆಂಪಗೆ, ನೊರೆ ಹೊತ್ತು ಬಂತು. ಅಣ್ಣ ಎರಡು ಹೆಜ್ಜೆ ಹಿಂದೆ ಸರಿದ. "ಅದೇ ನೀರು," ಎಂದ. "ಉಡುಕ್ಕೊಂಡ್ ಬಂದದೆ ನನ್ನ."

ಆಚೆಯಿಂದ ಪೆರಿಯ ಗೌಂಡರು ಕೂಗಿದರು: "ಚಿನ್ನಯ್ಯಾ, ನೀನ್ ಬಾ ಈ ಕಡೆ. ಮಂದೆಗೆ ಕೈ ಮುಗಿ. ಬದುಕಿ ಬಂದೋನು ನೀನು."

ಅಣ್ಣ ಅಲ್ಲಾಡಲಿಲ್ಲ. "ಮಾಮ ಬಂದ್ರೆ ಬತ್ತೀನಿ," ಎಂದ.

ಗೌಂಡರು ಹಸುಗಳನ್ನು ನೋಡಿದರು. ಅವು ಮೂತಿಯಿಟ್ಟು ಕುಡಿಯುತ್ತಿದ್ದವು, ಪಂಚಾಯಿತಿಯ ಪರಿವೆಯೇ ಇಲ್ಲದೆ.

"ನೀರಾಗೆ ಇಳ್ದೇ ಬರ್ಬೇಕಲ್ಲ ಯಾರ್ ಬಂದ್ರೂ," ಎಂದರು ಗೌಂಡರು ಕೊನೆಗೆ. "ಇಳಿದ್ರೆ ಮಿಂದಂಗೇ. ಇಳ್ದು ಬಂದೋರ್ನ ನಾನೇನ್ ಕೇಳ್ಲಿ. ಇಬ್ರೂ ಬನ್ನಿ."

ಮಾಮ ಪಂಚೆ ಎತ್ತಿ ಕಟ್ಟಿದರು. ಅಣ್ಣ ದಡದ ತುದಿಗೆ ಬಂದು ನಿಂತುಬಿಟ್ಟ. ಬೆಳ್ಳಗಾದ ಕಾಲನ್ನು ನೀರಿನಿಂದ ಹಿಂದಕ್ಕೆ ಎಳೆದುಕೊಂಡ. ಮಾಮ ತಾವು ಮೊದಲು ಇಳಿದು, ಹೆಬ್ಬೆರಳಿನಿಂದ ತಳವನ್ನು ಒತ್ತಿ, ಇನ್ನೊಂದು ಹೆಜ್ಜೆ ಮುಂದಿಟ್ಟು, ಅಲ್ಲೂ ಒತ್ತಿ ನೋಡಿದರು. ಆಮೇಲೆ ಹಿಂದಕ್ಕೆ ಕೈಚಾಚಿದರು.

"ಮಣ್ಣು ಕಣಾ," ಎಂದರು. "ಬರೀ ನಮ್ ಮಣ್ಣು. ಬಾ."